ಟೋಟಲ್ ತಪ್ಪಿತ್ತು, ಸ್ವಾಮಿ

ನನಗೆ ಸಿಗಬೇಕಾಗಿದ್ದ ಕೆಲಸವನ್ನು ಕಿತ್ತುಕೊಂಡರು ಅಂತ ಊರೆಲ್ಲ ಹೇಳಿಕೊಂಡು ತಿರುಗುವ ಯೋಗ್ಯತೆ ನನಗಿಲ್ಲ. ಕಿತ್ತುಕೊಂಡದ್ದು ನಿಜ. ಆದರೆ ಅದನ್ನು ಗಂಟು ಕಟ್ಟಿ, ‘ತಗೊಳ್ಳಿ ಸರ್’ ಅಂತ ಎರಡೂ ಕೈಯಲ್ಲಿ ಕೊಟ್ಟವನು ನಾನೇ. ಅದೂ ದುಂಡಗಿನ ಅಕ್ಷರದಲ್ಲಿ ಬರೆದು.

ನಾನು ವಿಶ್ವವಿದ್ಯಾಲಯದಲ್ಲಿ ಹನ್ನೊಂದು ವರ್ಷ ಅತಿಥಿ ಉಪನ್ಯಾಸಕನಾಗಿದ್ದೆ. ರಾಜ್ಯಶಾಸ್ತ್ರ ವಿಭಾಗ. ಪರೀಕ್ಷೆ ಮುಗಿದ ದಿನ ಮನೆಗೆ ಹೋಗು ಅನ್ನುತ್ತಾರೆ, ತರಗತಿ ಶುರುವಾಗುವ ಹಿಂದಿನ ದಿನ ಬಾ ಅನ್ನುತ್ತಾರೆ. ಹನ್ನೊಂದು ಸಲ ಹೋದೆ, ಹನ್ನೊಂದು ಸಲ ಬಂದೆ. ಮನೆಗೆ ಬಂದ ಅತಿಥಿಗೆ ಜನ ಕುರ್ಚಿ ಕೊಡುತ್ತಾರೆ. ನಮ್ಮ ವಿಭಾಗದಲ್ಲಿ ಅತಿಥಿಯೇ ಕುರ್ಚಿ ಹೊರುತ್ತಿದ್ದ. ಸಭೆ ಅಂದರೆ ನಾನು ಕುರ್ಚಿ ಹಾಕಬೇಕು. ಪರೀಕ್ಷೆ ಅಂದರೆ ಉತ್ತರ ಪತ್ರಿಕೆಯ ಕಟ್ಟುಗಳನ್ನು ಮೂರನೇ ಮಹಡಿಗೆ ಹೊರಬೇಕು. ಹೆಗಲ ಮೇಲೆ ಒಂದು, ಸೊಂಟಕ್ಕೆ ಒತ್ತಿ ಇನ್ನೊಂದು. ನನ್ನ ಎಡ ಹೆಗಲು ಇವತ್ತಿಗೂ ಬಲಗಡೆಯದಕ್ಕಿಂತ ಎರಡು ಬೆರಳು ಇಳಿದಿದೆ. ನಡುವೆ ಬಿಡುವಾದಾಗ ಪಾಠವನ್ನೂ ಮಾಡುತ್ತಿದ್ದೆ.

ಅಲ್ಲಿ ನನ್ನನ್ನು ಎಲ್ಲರೂ ಕರೆಯುತ್ತಿದ್ದದ್ದು ಟೋಟಲ್ ಮೇಷ್ಟ್ರು ಅಂತ. ಮೌಲ್ಯಮಾಪನದಲ್ಲಿ ಬೇರೆಯವರು ಹಾಕಿದ ಅಂಕಗಳನ್ನು ಮತ್ತೆ ಕೂಡಿ ನೋಡುವುದು ನನ್ನ ಕೆಲಸ. ಕೂಡಿ ನೋಡಿ, ಸರಿಯಿದ್ದರೆ ಹಾಳೆಯ ಮೂಲೆಯಲ್ಲಿ ಪೆನ್ಸಿಲಿನಿಂದ ಒಂದು ಸರಿ ಗುರುತು, ಒಂದು ಸಣ್ಣ ಸಹಿ, ಅವತ್ತಿನ ತಾರೀಖು. ಹನ್ನೊಂದು ವರ್ಷ ಹೀಗೆ ಮಾಡಿ ಅದು ಕೈಗೆ ಹತ್ತಿದ ಚಟವಾಗಿತ್ತು. ಅಂಕಿ ಕಂಡರೆ ಕೂಡುವುದು, ಕೂಡಿದರೆ ಸಹಿ ಹಾಕುವುದು. ಒಮ್ಮೆ ಅಮ್ಮನ ಔಷಧಿ ಚೀಟಿಯ ಮೂಲೆಯಲ್ಲಿ ಸಹಿ ಹಾಕಿ ತಾರೀಖು ಬರೆದುಬಿಟ್ಟಿದ್ದೆ. ಔಷಧಿ ಅಂಗಡಿಯವನು ಎರಡು ಸಹಿ ನೋಡಿ, ‘ಇದ್ರಲ್ಲಿ ಡಾಕ್ಟರು ಯಾರು?’ ಅಂತ ಕೇಳಿದ್ದ.

ಅಮ್ಮ ಅದೇ ವಿಶ್ವವಿದ್ಯಾಲಯದಲ್ಲಿ ಮೂವತ್ತು ವರ್ಷ ಕಸ ಹೊಡೆದವಳು. ನಾನು ಪಾಠ ಮಾಡಿದ ಕೋಣೆಗಳನ್ನೇ ಅವಳು ಗುಡಿಸಿ ಒರೆಸಿದ್ದಾಳೆ. ಫಿನೈಲಿನಲ್ಲಿ ಅದ್ದಿ ಅದ್ದಿ ಅವಳ ಬೆರಳಿನ ಗೆರೆಗಳು ಅಳಿಸಿಹೋಗಿದ್ದವು. ಹಾಜರಿಗೆ ಹೆಬ್ಬೆರಳು ಒತ್ತುವ ಯಂತ್ರ ಬಂದಾಗ ಅದು ಅವಳನ್ನು ಗುರುತಿಸಲೇ ಇಲ್ಲ. ಎದುರಿಗೆ ಪೊರಕೆ ಹಿಡಿದು ನಿಂತಿದ್ದಾಳೆ, ಯಂತ್ರ ಮಾತ್ರ ಇಂಥವರು ಇಲ್ಲ ಅನ್ನುತ್ತದೆ. ನಿವೃತ್ತಿಯಾದ ದಿನ ಅವಳಿಗೆ ಒಂದು ಗೋಡೆ ಗಡಿಯಾರ ಕೊಟ್ಟರು. ಭಾಷಣದಲ್ಲಿ ವಿಭಾಗದ ಮುಖ್ಯಸ್ಥರು, ‘ಇವರ ಮಗನೂ ನಮ್ಮಲ್ಲೇ ಸೇವೆ ಮಾಡ್ತಿದಾನೆ’ ಅಂದರು. ಸೇವೆ ಅಂದರು. ನಾನು ಚಪ್ಪಾಳೆ ತಟ್ಟಿದೆ.

ನಾನು ಸೇರಿ ಒಂಬತ್ತು ವರ್ಷವಾದ ಮೇಲೆ ಒಂದೇ ಒಂದು ಕಾಯಂ ಹುದ್ದೆಗೆ ಜಾಹೀರಾತು ಬಂತು. ನನಗೆ ನಲವತ್ತನಾಲ್ಕು ದಾಟಿತ್ತು. ನಲವತ್ತೈದಕ್ಕೆ ಬಾಗಿಲು ಮುಚ್ಚುತ್ತದೆ. ಇದು ತಪ್ಪಿದರೆ ಮುಂದೆ ಇನ್ನೊಂದಿಲ್ಲ. ನನ್ನ ಅರ್ಜಿಯೇ ಮೊದಲನೆಯದಾಗಬೇಕಿತ್ತು, ಆದರೆ ಬಂದವರಿಗೆಲ್ಲ ಅರ್ಜಿ ತುಂಬಿಸಿಕೊಡುತ್ತ ಕೂತು ಏಳನೇ ನಂಬರಿಗೆ ಬಿದ್ದೆ. ಮೂರನೇ ನಂಬರಿನವನು ಮುಖ್ಯಸ್ಥರ ಮಗಳನ್ನು ಮದುವೆಯಾಗಬೇಕಾದ ಹುಡುಗ. ಅದು ಇಡೀ ಕಟ್ಟಡಕ್ಕೆ ಗೊತ್ತಿತ್ತು. ಅವನ ಪ್ರಬಂಧದ ಶೀರ್ಷಿಕೆಯಲ್ಲಿ ಎರಡು ತಪ್ಪಿತ್ತು. ತಿದ್ದಿಕೊಟ್ಟೆ.

ಸಂದರ್ಶನದ ಹಿಂದಿನ ದಿನ ಮಧ್ಯಾಹ್ನ ಮುಖ್ಯಸ್ಥರು ಕರೆದರು. ಮೇಜಿನ ಮೇಲೆ ಒಂದು ಗೀಚಿದ ಚೀಟಿ, ಒಂದು ದೊಡ್ಡ ಬಿಳಿ ಹಾಳೆ.

“ಮೇಷ್ಟ್ರೇ, ಇದನ್ನ ನೀಟಾಗಿ ಒಂದು ಪಟ್ಟಿ ಮಾಡ್ಕೊಡಿ. ಮೇಲೆ ನಾಳೆ ತಾರೀಖು ಹಾಕಿ. ನಿಮ್ಮಷ್ಟು ಚೆನ್ನಾಗಿ ಗೆರೆ ಎಳೆಯೋರು ಇಲ್ಲಿ ಯಾರಿದಾರೆ ಹೇಳಿ?”

ನೋಡಿದೆ. ಒಂಬತ್ತು ಸಾಲು. ಹೆಸರಿಲ್ಲ, ನಂಬರು ಮಾತ್ರ. ವಿದ್ಯಾರ್ಹತೆ, ಪ್ರಕಟಣೆ, ಅನುಭವ. ಕೊನೆಯಲ್ಲಿ ಸಂದರ್ಶನದ ಅಂಕ, ಮೂವತ್ತಕ್ಕೆ. ಎಲ್ಲ ಸೇರಿ ನೂರಿಪ್ಪತ್ತಕ್ಕೆ.

“ಸರ್, ಸಂದರ್ಶನ ನಾಳೆ ಅಲ್ವಾ?”

“ಇದು ಮಾದರಿ ಕಣ್ರೀ. ಒಂದು ಅಂದಾಜಿಗೆ. ನೀವು ನಮ್ಮೋರು, ನಿಮ್ಮ ಹತ್ರ ಮುಚ್ಚುಮರೆ ಏನು?”

ಏಳನೇ ನಂಬರು ನಾನು ಅನ್ನುವುದು ಅವರಿಗೆ ಮರೆತೇ ಹೋಗಿತ್ತು. ಪೆನ್ಸಿಲು, ಸ್ಕೇಲು, ನಾನು, ಎಲ್ಲ ಒಂದೇ ಡ್ರಾಯರಿನ ಸಾಮಾನು. ನಾಚಿಕೆಗೇಡಿನ ಮಾತು ಏನು ಗೊತ್ತಾ? ನನ್ನ ಅಕ್ಷರ ಹೊಗಳಿದ್ದಕ್ಕೆ ಖುಷಿಯಾಗಿ ಅರ್ಧ ನಿಮಿಷ ನನಗೂ ಮರೆತಿತ್ತು. ಅಲ್ಲೇ ಕೂತು ಗೆರೆ ಎಳೆದೆ. ಏಳನೇ ಸಾಲಿಗೆ ಬಂದೆ. ಸಂದರ್ಶನದಲ್ಲಿ ಮೂವತ್ತಕ್ಕೆ ನಾಲ್ಕು. ನಾಳೆ ನಾನು ಬಾಯಿ ಬಿಡುವ ಮೊದಲೇ ನನಗೆ ನಾಲ್ಕು. ಎದ್ದು ಹೋಗಬೇಕಿತ್ತು. ಹಾಳೆ ಹರಿಯಬೇಕಿತ್ತು. ನಾನು ಮಾಡಿದ್ದಿಷ್ಟೇ, ಆ ನಾಲ್ಕನ್ನು ಉಳಿದ ಅಂಕಿಗಳ ಸಾಲಿಗೆ ಸರಿಯಾಗಿ ಕೂರಿಸಿದೆ.

ಅಷ್ಟಕ್ಕೇ ಮುಗಿದಿದ್ದರೆ ನಾನು ಬರೀ ಹೇಡಿ. ಅದಕ್ಕೆ ಮೇಲೊಂದು ಮೂರ್ಖತನವೂ ಸೇರಿತು. ಚೀಟಿಯಲ್ಲಿ ಮೂರನೇ ನಂಬರಿಗೆ ಒಟ್ಟು ಎಂಬತ್ತಾರು ಅಂತ ಬರೆದಿತ್ತು. ಕಣ್ಣು ತಾನಾಗಿ ಕೂಡಿತು. ಮೂವತ್ತೆಂಟು, ಹದಿನಾಲ್ಕು, ಆರು, ಹದಿನೆಂಟು. ಎಪ್ಪತ್ತಾರು! ಏಳನೇ ನಂಬರಿನದು ಕೂಡಿದೆ. ನಲವತ್ತೊಂದು, ಹದಿನಾರು, ಇಪ್ಪತ್ತು, ಆಮೇಲೆ ಆ ದರಿದ್ರ ನಾಲ್ಕು. ಎಂಬತ್ತೊಂದು. ಅಂದರೆ ಬರೀ ನಾಲ್ಕು ಕೊಟ್ಟರೂ ನಾನೇ ಮುಂದೆ! ಅವರ ಕೂಡಿಕೆ ತಪ್ಪಿತ್ತು. ನಾನು ಬಾಯಿ ಮುಚ್ಚಿಕೊಂಡು ಆ ತಪ್ಪನ್ನು ಹಾಗೇ ಇಳಿಸಿ ಕೊಟ್ಟಿದ್ದರೆ, ಮುಂದೆ ಯಾವನಾದರೂ ಕೂಡಿ ನೋಡಿದ ದಿನ ಕೆಲಸ ನನ್ನದು. ಬಾಯಿ ಮುಚ್ಚಿಕೊಂಡಿರುವುದರಲ್ಲಿ ನಾನು ಎತ್ತಿದ ಕೈ. ಒಂಬತ್ತು ವರ್ಷ ಮುಚ್ಚಿಕೊಂಡೇ ಇದ್ದೆ. ತೆರೆದದ್ದು ಅವತ್ತು.

“ಸರ್, ಮೂರನೇದು ಟೋಟಲ್ ತಪ್ಪಿದೆ. ಎಂಬತ್ತಾರಲ್ಲ, ಎಪ್ಪತ್ತಾರು.”

ಮುಖ್ಯಸ್ಥರು ಚೀಟಿ ಕಿತ್ತುಕೊಂಡು ನೋಡಿದರು. ಬೆರಳು ಮಡಚಿ ಲೆಕ್ಕ ಹಾಕಿದರು. “ಅಯ್ಯಯ್ಯೋ! ಬಚಾವ್ ಮಾಡಿದ್ರಿ ನೋಡಿ ಮೇಷ್ಟ್ರೇ!” ಅಂದರು. ಹದಿನೆಂಟರಲ್ಲಿದ್ದ ಒಂದನ್ನು ಎರಡು ಮಾಡಿದರು. ಇಪ್ಪತ್ತೆಂಟು. ಈಗ ಬರೆದದ್ದೂ ಎಂಬತ್ತಾರು, ಕೂಡಿದರೂ ಎಂಬತ್ತಾರು. ನಾನು ಹಾಳೆಗೆ ಇಳಿಸಿದೆ. ಇನ್ನೊಮ್ಮೆ ಕೂಡಿದೆ. ಸರಿಯಾಗಿತ್ತು.

ಮಾರನೇ ದಿನ ಬೆಳಿಗ್ಗೆ ಎಂಟಕ್ಕೇ ಹೋಗಿ ಕುರ್ಚಿ ಹಾಕಿದೆ. ಸಮಿತಿಯವರಿಗೆ ಐದು, ಎದುರಿಗೆ ಅಭ್ಯರ್ಥಿಗೆ ಒಂದು. ನೀರು ಇಟ್ಟೆ. ಬಾಗಿಲಲ್ಲಿ ನಿಂತು ನಂಬರು ಕೂಗಿದೆ. ಒಂದು, ಎರಡು, ಮೂರು. ಮೂರನೆಯವನು ಅರ್ಧ ಗಂಟೆ ಕೂತ. ಒಳಗಿಂದ ನಗು ಕೇಳಿಸುತ್ತಿತ್ತು. ಆರನೆಯವನು ಹೊರಗೆ ಬಂದ ಮೇಲೆ ಒಳಗಿಂದ ಮುಖ್ಯಸ್ಥರು, “ಮೇಷ್ಟ್ರೇ, ಈ ಫೈಲೆಲ್ಲ ತೆಗೆದು ಆ ಕುರ್ಚಿ ಮೇಲಿಡಿ, ಮೇಜು ತುಂಬೋಗಿದೆ” ಅಂದರು. ಇಟ್ಟೆ. ಹೊರಗೆ ಬಂದೆ. “ನಂಬರ್ ಏಳು!” ಅಂತ ಕೂಗಿದೆ. ಯಾರೂ ಏಳಲಿಲ್ಲ. ಇನ್ನೊಮ್ಮೆ ಕೂಗಿದೆ. ಎಂಟನೆಯವಳು, “ಸರ್, ಅದು ನೀವೇ ಅಲ್ವಾ?” ಅಂದಳು.

ಒಳಗೆ ಹೋದೆ. ಕುರ್ಚಿಯ ಮೇಲೆ ಫೈಲು. ಇಟ್ಟವನು ನಾನೇ, ತೆಗೆಯಿರಿ ಅಂತ ಯಾರನ್ನು ಕೇಳಲಿ? ನಿಂತೇ ಇದ್ದೆ.

“ಇವ್ರಿಗೇನು ಕೇಳೋದು, ನಮ್ಮ ಮೇಷ್ಟ್ರೇ” ಅಂದರು ಮುಖ್ಯಸ್ಥರು. ಇನ್ನೊಬ್ಬರು, “ತಾಯಿ ಆರೋಗ್ಯವಾಗಿದಾರಾ?” ಅಂತ ಕೇಳಿದರು. “ಹೂಂ ಸರ್, ಮಂಡಿ ನೋವು” ಅಂದೆ. ಅದೊಂದೇ ಪ್ರಶ್ನೆ, ಅದೊಂದೇ ಉತ್ತರ. ಸಮಾನ ಅವಕಾಶ ಅನ್ನುವ ಪಾಠವನ್ನು ಒಂಬತ್ತು ಸಲ ಮಾಡಿದವನು ಅಮ್ಮನ ಮಂಡಿಯ ಮೇಲೆ ಸಂದರ್ಶನ ಕೊಟ್ಟೆ. “ಹೋಗ್ತಾ ಚಹಾ ಹೇಳಿಬಿಡಿ” ಅಂದರು. ಹೇಳಿದೆ.

ಮೂರನೇ ನಂಬರಿನವನು ಬಂದು ಸೇರಿಕೊಂಡ. ಮೊದಲ ವಾರವೇ ನನ್ನ ಹತ್ತಿರ ಬಂದು, “ಸರ್, ನಿಮ್ಮ ನೋಟ್ಸ್ ಕೊಡಿ. ಅದಕ್ಕಿಂತ ನೀವೇ ನನ್ನ ಕ್ಲಾಸ್ ತಗೊಂಡುಬಿಡಿ, ಹಾಜರಿ ನಾನು ಹಾಕ್ಕೋತೀನಿ” ಅಂದ. ಹತ್ತು ದಿನ ತೆಗೆದುಕೊಂಡೆ. ಹನ್ನೊಂದನೇ ದಿನ ಗಂಟಲು ಕಟ್ಟಿ ಮನೆಗೆ ಬಂದಾಗ ಅಮ್ಮ ಬಿಸಿನೀರು ಕೊಡುತ್ತ ಕೇಳಿದಳು.

“ಅದೇನೋ ಇಷ್ಟೊಂದು ಕ್ಲಾಸು ಈ ಸಲ?”

ಹೇಳಿದೆ. ಕ್ಲಾಸಿನದು ಹೇಳಲು ಹೋಗಿ ಎಲ್ಲ ಹೇಳಿದೆ. ನಾಲ್ಕು ಅಂಕ, ಚೀಟಿ, ಎಪ್ಪತ್ತಾರು, ಕುರ್ಚಿಯ ಮೇಲಿನ ಫೈಲು. ಅಮ್ಮ ಬಾಯಿ ಬಿಟ್ಟುಕೊಂಡು ಕೇಳಿದಳು. ಆಮೇಲೆ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು. ನಗುತ್ತಲೇ ಅವಳ ಕಣ್ಣು ತುಂಬಿತು.

“ನಿನ್ ಕೈಯಾರೆ ನೀನೇ ತಿದ್ದಿಕೊಟ್ಯಾ?”

“ಟೋಟಲ್ ತಪ್ಪಿತ್ತಮ್ಮ.”

“ಥೂ ನಿನ್ನ! ನಾನು ಮೂವತ್ತು ವರ್ಷ ಅವರ ಕಸ ಹೊಡೆದೆ ಕಣೋ. ಸಂಬಳ ಕೊಟ್ಟರು, ಹೊಡೆದೆ. ನೀನು ಓದಿಕೊಂಡು ಪುಕ್ಕಟೆ ಹೊಡೀತಿದೀಯಲ್ಲೋ!”

ಆ ಮಾತಿಗೆ ನನ್ನ ಮೈಯೆಲ್ಲ ಉರಿಯಿತು. ಅವಳ ಮೇಲೆ ಅಲ್ಲ. ಆ ಐದು ಕುರ್ಚಿಗಳ ಮೇಲೆ, ಆ ಚಹಾದ ಮೇಲೆ, ಹಲ್ಲು ಗಿಂಜುವ ನನ್ನ ಈ ಮುಖದ ಮೇಲೆ. ಒಂಬತ್ತು ವರ್ಷದಲ್ಲಿ ನನಗೆ ಬಂದ ಮೊದಲ ಸಿಟ್ಟು ಅದು. ಅದನ್ನು ಇಟ್ಟುಕೊಂಡು ಏನು ಮಾಡಬೇಕು ಅಂತಲೂ ಗೊತ್ತಿರಲಿಲ್ಲ. ಅಮ್ಮನಿಗೆ ಗೊತ್ತಿತ್ತು. ಅವಳು ಗುಡಿಸುತ್ತಿದ್ದ ಹಾಸ್ಟೆಲಿನಲ್ಲಿ ಇದ್ದುಕೊಂಡು ಕಾನೂನು ಓದಿದ ಹುಡುಗಿ ಈಗ ವಕೀಲೆ. ಮಾರನೇ ದಿನ ಅಮ್ಮ ನನ್ನ ರಟ್ಟೆ ಹಿಡಿದು ಆ ವಕೀಲೆಯ ಆಫೀಸಿಗೆ ಎಳೆದುಕೊಂಡು ಹೋದಳು.

ವಕೀಲೆಗೆ ಮೂಗಿನ ತುದಿಯಲ್ಲೇ ಕೋಪ. ಪೂರ್ತಿ ಕೇಳಿ ತಲೆ ಚಚ್ಚಿಕೊಂಡರು. “ಸಂದರ್ಶನಕ್ಕೆ ಮುಂಚೆನೇ ಅಂಕ ಹಾಕಿದಾರೆ ಅಂತ ನೀವು ಹೇಳ್ತೀರಿ. ಅವರು ಇಲ್ಲ ಅಂತಾರೆ. ಸಾಕ್ಷಿ ಏನಿದೆ? ಆ ಚೀಟಿ ಎಲ್ಲಿ?”

“ಹರಿದು ಬುಟ್ಟಿಗೆ ಹೋಯ್ತು.”

“ಯಾರು?”

“ನಾನೇ. ಮೇಜು ಕ್ಲೀನ್ ಮಾಡ್ತಾ…”

“ಸಾಕು. ಇನ್ನು ಮಾತಾಡ್ಬೇಡಿ.”

ಆದರೂ ನೇಮಕಾತಿ ರದ್ದು ಮಾಡಿ ಅಂತ ಅರ್ಜಿ ಹಾಕಿದರು. ಒಂದೂವರೆ ವರ್ಷ ಅದು ಅಲ್ಲಿಂದಿಲ್ಲಿಗೆ ಉರುಳಿತು. ಅಷ್ಟರಲ್ಲಿ ನನ್ನ ವಯಸ್ಸಿನ ಬಾಗಿಲು ಮುಚ್ಚಿತು. ವಿಭಾಗದಲ್ಲಿ ಮಾತ್ರ ಏನೂ ಬದಲಾಗಲಿಲ್ಲ. ನನ್ನನ್ನು ತೆಗೆಯಲೂ ಇಲ್ಲ. ತೆಗೆದರೆ ಕಟ್ಟು ಹೊರುವವರು ಯಾರು? ಕೋರ್ಟಿಗೆ ರಜೆ ಚೀಟಿ ಬರೆದರೆ ಮುಖ್ಯಸ್ಥರು, “ನಮ್ಮ ವಿರುದ್ಧದ ಕೇಸಾ? ಬೇಗ ಬಂದ್ಬಿಡಿ, ಸಂಜೆ ಸಭೆ ಇದೆ” ಅನ್ನುತ್ತಿದ್ದರು. ಹೋಗಿ ಕೇಸು ನಡೆಸಿ, ಬಂದು ಕುರ್ಚಿ ಹಾಕುತ್ತಿದ್ದೆ. ಇಂಥ ಬಂಡಾಯಗಾರನನ್ನು ನೀವು ಎಲ್ಲೂ ನೋಡಿರಲಿಕ್ಕಿಲ್ಲ.

ಕೊನೆಗೆ ನ್ಯಾಯಾಧೀಶರು ಮೂಲ ಅಂಕಪಟ್ಟಿ ತನ್ನಿ ಅಂದರು. ವಿಶ್ವವಿದ್ಯಾಲಯ ಲಕೋಟೆಗೆ ಅರಗು ಮುದ್ರೆ ಹಾಕಿ ಕೊಟ್ಟಿತು. ನಮಗೊಂದು ನಕಲು ಸಿಕ್ಕಿತು. ವಕೀಲೆ ಅದನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡುತ್ತಿದ್ದವರು ಒಂದು ಮೂಲೆಗೆ ಬೆರಳಿಟ್ಟರು.

“ಈ ಮೂಲೇಲಿ ಇರೋದು ಏನು?”

ನೋಡಿದೆ. ಒಂದು ಸರಿ ಗುರುತು. ಒಂದು ಸಣ್ಣ ಸಹಿ. ತಾರೀಖು. ಹಾಳೆಯ ತಲೆಯ ಮೇಲೆ ಸಂದರ್ಶನದ ದಿನ, ಮೂಲೆಯಲ್ಲಿ ಅದರ ಹಿಂದಿನ ದಿನ. ಐದು ಜನ ಆ ಪಟ್ಟಿಗೆ ರುಜು ಹಾಕಿದ್ದರು. ಒಬ್ಬರ ಕಣ್ಣಿಗೂ ಅದು ಬಿದ್ದಿರಲಿಲ್ಲ. ನನ್ನ ಗುರುತನ್ನು ಯಾರು ನೋಡುತ್ತಾರೆ? ನನಗೇ ನೆನಪಿರಲಿಲ್ಲ.

“ಅಭ್ಯಾಸಬಲ” ಅಂದೆ.

ವಕೀಲೆ ಮೊದಲ ಸಲ ನಕ್ಕರು. ಆಮೇಲೆ ಗಂಭೀರವಾಗಿ ಹೇಳಿದರು. “ಇದು ನನ್ನದೇ ಸಹಿ ಅಂತ ನೀವು ಎಲ್ಲರೆದುರು ಒಪ್ಪಿಕೋಬೇಕು. ಹಿಂದಿನ ದಿನವೇ ನೋಡಿ ಯಾಕೆ ಸುಮ್ಮನಿದ್ರಿ ಅಂತಾರೆ. ನೀವೂ ಪಾಲುದಾರ ಅಂತಾರೆ. ಇರೋ ಕೆಲಸಾನೂ ಹೋಗತ್ತೆ. ಯೋಚನೆ ಮಾಡಿ.”

ಸುದ್ದಿ ವಿಭಾಗಕ್ಕೂ ಮುಟ್ಟಿತು. ಮುಖ್ಯಸ್ಥರು ಕೋಣೆಗೆ ಕರೆದು ಬಾಗಿಲು ಹಾಕಿದರು. ಮೊದಲ ಸಲ, “ಕೂತ್ಕೊಳ್ಳಿ ಮೇಷ್ಟ್ರೇ” ಅಂದರು. ಕೂತೆ. “ತಾರೀಖು ತಪ್ಪು ಬಿತ್ತು ಅಂತ ಹೇಳಿಬಿಡಿ. ಮನುಷ್ಯ ಅಂದ್ಮೇಲೆ ತಪ್ಪಾಗಲ್ವಾ? ನೀವು ಇರೋವರೆಗೂ ಈ ಅತಿಥಿ ಕೆಲಸ ನಿಮ್ದೇ. ನಾನು ನೋಡ್ಕೋತೀನಿ. ಇಲ್ಲ ಅಂದ್ರೆ ಈ ವಯಸ್ಸಲ್ಲಿ ಎಲ್ಲಿಗೆ ಹೋಗ್ತೀರಿ?”

ಗೋಣು ಆಡಿಸಿ ಬಂದೆ. ಸುಳ್ಳು ಯಾಕೆ ಹೇಳಲಿ, ಆ ಗೋಣಿಗೆ ಬೇರೆ ಏನೂ ಮಾಡಿ ಗೊತ್ತಿರಲಿಲ್ಲ.

ಕೋರ್ಟಿನಲ್ಲಿ ಅವರ ಕಡೆಯ ವಕೀಲರು ತಾರೀಖು ಬರೆಯುವಾಗ ಕೈತಪ್ಪಾಗಿದೆ ಅಂದರು. ನ್ಯಾಯಾಧೀಶರು ತಲೆ ಎತ್ತಿದರು. “ಅರ್ಜಿದಾರರು ಬಂದಿದಾರಾ?” ವಕೀಲೆ ಬೆನ್ನಿಗೆ ಕೈ ಕೊಟ್ಟು ನನ್ನನ್ನು ಮುಂದೆ ತಳ್ಳಿದರು.

“ಇದು ನಿಮ್ಮ ಸಹಿನಾ?”

“ಹೌದು ಸ್ವಾಮಿ.”

“ತಾರೀಖು ತಪ್ಪಾಗಿ ಬಿದ್ದಿರಬಹುದಾ?”

ಮುಖ್ಯಸ್ಥರು ಎರಡನೇ ಸಾಲಿನಲ್ಲಿದ್ದರು. ನನ್ನ ಕಡೆ ನೋಡಿ ಮೆಲ್ಲಗೆ ತಲೆಯಾಡಿಸಿದರು, ತರಗತಿಯಲ್ಲಿ ಮಕ್ಕಳಿಗೆ ಉತ್ತರ ಹೇಳಿಕೊಡುವ ಹಾಗೆ. ಹೌದು ಅಂದರೆ ಸಾಕಿತ್ತು. ಸಂಜೆ ಹೋಗಿ ಕುರ್ಚಿ ಹಾಕಬಹುದಿತ್ತು. ನನ್ನ ಗೋಣು ಅರ್ಧ ಅಲ್ಲಾಡಿಯೂ ಆಗಿತ್ತು. ಆಗ ನೆನಪಾಯಿತು. ಹನ್ನೊಂದು ವರ್ಷದಲ್ಲಿ ನನ್ನದು ಅಂತ ಆ ಕಟ್ಟಡದಲ್ಲಿ ಇದ್ದದ್ದು ಅದೊಂದೇ. ನನ್ನ ಟೋಟಲ್ ಎಂದೂ ತಪ್ಪಿಲ್ಲ. ನನ್ನ ತಾರೀಖು ಎಂದೂ ತಪ್ಪಿಲ್ಲ. ಅದನ್ನೂ ಇವರಿಗೆ ಬಿಟ್ಟುಕೊಡಬೇಕಾ?

“ಇಲ್ಲ ಸ್ವಾಮಿ. ತಾರೀಖು ಸರಿ ಇದೆ. ಹಿಂದಿನ ದಿನ ಮಧ್ಯಾಹ್ನ ನಾನೇ ಬರೆದೆ. ನನಗೆ ನಾಲ್ಕು ಅಂತ ನಾನೇ ಬರೆದೆ.”

“ನಾಲ್ಕು ನೋಡಿಯೂ ಬರೆದ್ರಾ?”

“ಬರೆದೆ. ಮೂರನೇ ನಂಬರಿಗೆ ಕೂಡಿದ್ದು ತಪ್ಪಿತ್ತು. ಸರಿಯಾಗಿ ಕೂಡಿದ್ರೆ ನಾನೇ ಮೊದಲು ಬರ್ತಿದ್ದೆ. ಅದನ್ನೂ ನಾನೇ ಹೇಳಿ ಸರಿ ಮಾಡಿಸಿದೆ.”

“ಯಾಕ್ರೀ?”

“ಟೋಟಲ್ ತಪ್ಪಿತ್ತು, ಸ್ವಾಮಿ.”

ಇಡೀ ಕೋರ್ಟು ನಕ್ಕಿತು. ಕರಿ ಕೋಟಿನವರು ನಕ್ಕರು, ಬೆರಳಚ್ಚಿನವಳು ಕೈ ನಿಲ್ಲಿಸಿ ನಕ್ಕಳು, ಬಾಗಿಲಲ್ಲಿ ನಿಂತ ಪೊಲೀಸನೂ ನಕ್ಕ. ನನ್ನ ಕಿವಿ ಬಿಸಿಯಾಯಿತು. ನಗಲಿ. ಅವರ ಜಾಗದಲ್ಲಿದ್ದರೆ ನಾನೂ ನಗುತ್ತಿದ್ದೆ. ನಗದೇ ಇದ್ದವರು ಇಬ್ಬರೇ. ಎರಡನೇ ಸಾಲಿನಲ್ಲಿ ಮುಖ್ಯಸ್ಥರು. ಕೊನೆಯ ಬೆಂಚಿನಲ್ಲಿ ಮಂಡಿ ಒತ್ತಿಕೊಳ್ಳುತ್ತ ಕೂತ ನನ್ನ ಅಮ್ಮ.

ತೀರ್ಪು ಬಂತು. ನೇಮಕಾತಿ ರದ್ದು. ಹೊರಗಿನ ಸಮಿತಿಯಿಂದ ಹೊಸದಾಗಿ ಅರ್ಜಿ ಕರೆದು ಸಂದರ್ಶನ ಮಾಡಬೇಕು. ಮುಖ್ಯಸ್ಥರು ಸಮಿತಿಯಲ್ಲಿ ಇರಕೂಡದು, ವ್ಯವಸ್ಥೆ ಮಾತ್ರ ನೋಡಿಕೊಳ್ಳಬಹುದು. ನನಗೆ ಆ ಒಂದು ಸಲಕ್ಕೆ ವಯಸ್ಸಿನ ವಿನಾಯಿತಿ. ಕೊನೆಯಲ್ಲಿ, ಅರ್ಜಿದಾರರ ನಡತೆ ನ್ಯಾಯಾಲಯಕ್ಕೆ ಅಚ್ಚರಿ ಹುಟ್ಟಿಸಿದೆ ಅಂತ ಒಂದು ಸಾಲಿತ್ತು. ನನಗೂ ಹುಟ್ಟಿಸಿದೆ.

ಅತಿಥಿ ಕೆಲಸ ಅದೇ ವಾರ ಹೋಯಿತು. ಒಂದು ಮುದ್ರಣಾಲಯದಲ್ಲಿ ಕಾಗದದ ಕಟ್ಟು ಹೊರುವ ಕೆಲಸ ಹಿಡಿದೆ. ಹೊಸದೇನೂ ಕಲಿಯಬೇಕಾಗಲಿಲ್ಲ, ಹೆಗಲಿಗೆ ಗೊತ್ತಿತ್ತು. ಹೊಸ ಅರ್ಜಿ ಕರೆದ ದಿನ ಬಾಗಿಲು ತೆಗೆಯುವ ಮೊದಲೇ ಹೋಗಿ ನಿಂತೆ. ಯಾರ ಅರ್ಜಿಯನ್ನೂ ತುಂಬಿಸಲಿಲ್ಲ. ನಂಬರ್ ಒಂದು.

ಸಂದರ್ಶನದ ಬೆಳಿಗ್ಗೆ ಅಮ್ಮ ನನ್ನ ಅಂಗಿಗೆ ಇಸ್ತ್ರಿ ಹಾಕುತ್ತ ಹೇಳಿದಳು. “ಅಲ್ಲಿ ಹೋಗಿ ಸುಮ್ನೆ ಕೂತ್ಕೊ. ನಿನ್ ಕೈ ಸುಮ್ನಿರಲ್ಲ, ನಂಗೊತ್ತು. ನಂದೂ ಹಂಗೇ. ಈಗ್ಲೂ ಯಾರ ಮನೆಗಾದ್ರೂ ಹೋದ್ರೆ ಕೈ ಪೊರಕೆ ಹುಡುಕತ್ತೆ. ತೊಡೆ ಕೆಳಗೆ ಇಟ್ಕೊಂಡು ಕೂತ್ಕೋ ಕೈನ.”

ಪಡಸಾಲೆಯ ಬೆಂಚಿನಲ್ಲಿ ಕೂತೆ. ಎರಡೂ ಕೈ ತೊಡೆಯ ಕೆಳಗೆ. ಸಮಿತಿಯವರು ಬಂದು ನಿಂತಿದ್ದರು, ಕೋಣೆ ಇನ್ನೂ ಸಿದ್ಧವಾಗಿರಲಿಲ್ಲ. ಮುಖ್ಯಸ್ಥರು ಬೆವರುತ್ತ ಬಂದರು.

“ಮೇಷ್ಟ್ರೇ, ಆದದ್ದಾಯ್ತು. ಸ್ವಲ್ಪ ಕುರ್ಚಿ ಹಾಕೋಕೆ ಬನ್ನಿ.”

“ಇಲ್ಲ ಸರ್.”

ಹಾಗಂದಾಗ ಅವರಿಗಿಂತ ಹೆಚ್ಚು ಗಾಬರಿಯಾದದ್ದು ನನಗೆ. ತೊಡೆಯ ಕೆಳಗೆ ಕೈ ನಿಜವಾಗಿಯೂ ಮಿಸುಕಿತು. ಗಟ್ಟಿಯಾಗಿ ಒತ್ತಿ ಕೂತೆ. ಮುಖ್ಯಸ್ಥರು ಒಳಗೆ ಹೋದರು. ಕುರ್ಚಿ ಎಳೆಯುವ ಸದ್ದು ಕೇಳಿಸಿತು. ಒಂದು, ಎರಡು, ಮೂರು. ಎಣಿಸದೆ ಇರಲಾರೆನಲ್ಲ. ನಾಲ್ಕು, ಐದು. ಅಲ್ಲಿಗೆ ಸದ್ದು ನಿಂತಿತು. ಆರು ಬೇಕು. ಟೋಟಲ್ ತಪ್ಪಿತ್ತು. ಈ ಸಲ ಹೇಳಲಿಲ್ಲ.

“ನಂಬರ್ ಒಂದು” ಅಂತ ಮುಖ್ಯಸ್ಥರೇ ಬಾಗಿಲಲ್ಲಿ ನಿಂತು ಕೂಗಿದರು.

ಒಳಗೆ ಹೋದೆ. ಐದು ಜನ ಕೂತಿದ್ದರು. ನಡುವೆ ಇದ್ದ ವಯಸ್ಸಾದ ಪ್ರಾಧ್ಯಾಪಕಿ ನನ್ನ ಫೈಲಿನಿಂದ ಕಣ್ಣು ತೆಗೆಯದೆ, “ಕೂತ್ಕೊಳ್ಳಿ” ಅಂದರು.

“ಕುರ್ಚಿ ಇಲ್ಲ, ಮೇಡಂ.”

ಬೆನ್ನ ಹಿಂದಿನಿಂದ ಮುಖ್ಯಸ್ಥರು, “ಪಕ್ಕದ ಕೋಣೇಲಿದೆ ಮೇಷ್ಟ್ರೇ, ಒಂದು ತಂದುಬಿಡಿ” ಅಂದರು. ನನ್ನ ಬಲಗಾಲು ಆಗಲೇ ಅತ್ತ ತಿರುಗಿತ್ತು. ಅದನ್ನು ಹಿಂದಕ್ಕೆಳೆದೆ.

“ನೀವೇ ತನ್ನಿ, ಸರ್.”

ಪ್ರಾಧ್ಯಾಪಕಿ ಫೈಲಿನಿಂದ ತಲೆ ಎತ್ತಿದರು. ನನ್ನನ್ನು ನೋಡಿದರು, ಬಾಗಿಲಿನ ಕಡೆ ನೋಡಿದರು. ಪಕ್ಕದ ಕೋಣೆಯಿಂದ ಕುರ್ಚಿ ನೆಲಕ್ಕೆ ಉಜ್ಜಿಕೊಂಡು ಬರುವ ಸದ್ದು ಕೇಳಿಸಿತು. ಎತ್ತಿಕೊಂಡು ತರಬೇಕು, ಎಳೆದರೆ ಕಾಲು ಸಡಿಲವಾಗುತ್ತದೆ. ಅದನ್ನೂ ಹೇಳಲಿಲ್ಲ. ಅದು ಬರುವ ತನಕ ನಿಂತಿದ್ದೆ. ಬಂದ ಮೇಲೆ ಕೂತೆ. ಎರಡೂ ಕೈಯನ್ನು ತೊಡೆಯ ಕೆಳಗೆ ಇಟ್ಟುಕೊಂಡು ಮೊದಲ ಪ್ರಶ್ನೆಗೆ ಕಾದೆ.